ಕಣ್ಣು ಮಿಟುಕಿಸದ ನಟಿ

ಹೊಸಬರನ್ನು ಅಳೆಯಲು ಪಾಪ್ ಕಲಾವಿದ ಆ್ಯಂಡಿ ವಾರ್ಹಾಲ್ ಬಳಿ ಒಂದು ಸುಲಭದ ಉಪಾಯವಿತ್ತು. ನ್ಯೂಯಾರ್ಕಿನ ಪೂರ್ವ 47ನೇ ರಸ್ತೆಯಲ್ಲಿದ್ದ ತಮ್ಮ ಸ್ಟುಡಿಯೊಗೆ ಬಂದವರನ್ನು ಕುರ್ಚಿಯಲ್ಲಿ ಕೂರಿಸುವುದು, ಮುಖಕ್ಕೆ ದೀಪ ಬಿಡುವುದು, ಬೋಲೆಕ್ಸ್ ಕ್ಯಾಮೆರಾ ಚಾಲೂ ಮಾಡುವುದು. ಅಲುಗಾಡಬಾರದು, ಆದಷ್ಟೂ ಕಣ್ಣು ಮಿಟುಕಿಸಬಾರದು. ನೂರು ಅಡಿಯ ರೀಲು ಓಡಿ ಮುಗಿಯಲು ಸುಮಾರು ಮೂರು ನಿಮಿಷ. ಸಂಭಾಷಣೆಯಿಲ್ಲ, ಸದ್ದಿಲ್ಲ, ಪಾತ್ರವೂ ಇಲ್ಲ. 1964ರಿಂದ 1966ರವರೆಗೆ ಹೀಗೆ ತೆಗೆದ ‘ಸ್ಕ್ರೀನ್ ಟೆಸ್ಟ್’ಗಳಲ್ಲಿ 472 ಇಂದಿಗೂ ಉಳಿದಿವೆ. ಮೂರು ನಿಮಿಷವೇನು ಮಹಾ ಅನ್ನಿಸಿದರೆ ಕನ್ನಡಿ ಮುಂದೆ ಒಮ್ಮೆ ನಿಂತು ನೋಡಬೇಕು. ಮೊದಲಿಗೆ ನಮಗೆ ಬೇಕಾದ ಮುಖವನ್ನೇ ಹೊತ್ತುಕೊಂಡಿರುತ್ತೇವೆ. ಸ್ವಲ್ಪ ಹೊತ್ತಿಗೆ ಅದು ಜಾರತೊಡಗುತ್ತದೆ. ವಾರ್ಹಾಲ್‌ಗೆ ಬೇಕಿದ್ದದ್ದು ಆ ಜಾರುವ ಗಳಿಗೆ.

1966ರಲ್ಲಿ ಆ ಕುರ್ಚಿಯಲ್ಲಿ ಕುಳಿತವರಲ್ಲಿ ಮೇರಿ ವೊರೊನೊವ್ ಒಬ್ಬರು. ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ಕಲೆ ಓದುತ್ತಿದ್ದ, ಇನ್ನೂ ಇಪ್ಪತ್ತಮೂರು ತುಂಬದ, ನೀಳಕಾಯದ ಹುಡುಗಿ. ಮುಂದಿನ ನಾಲ್ಕು ದಶಕ ಆಕೆ ಮಾಡಿದ್ದು ಬಹುಪಾಲು ಆ ಮೂರು ನಿಮಿಷದ ಪಾಠವನ್ನೇ. ಎದುರಿಗೆ ಕ್ಯಾಮೆರಾ ಇರಲಿ, ಹೆಣ ಇರಲಿ, ಗದ್ದಲ ಎಬ್ಬಿಸುವ ರಾಕ್ ಬ್ಯಾಂಡ್ ಇರಲಿ, ಮುಖ ಜಾರಲು ಬಿಡದೆ ನಿಲ್ಲುವುದು. ದೊಡ್ಡ ಸ್ಟುಡಿಯೊಗಳ ಸಿನಿಮಾದಲ್ಲಿ ಆಕೆಗೆ ದೊಡ್ಡ ಜಾಗ ಸಿಗಲೇ ಇಲ್ಲ. ಆದರೆ ಭೂಗತ ಸಿನಿಮಾ, ಅಗ್ಗದ ಹಾರರ್, ಡ್ರೈವ್-ಇನ್ ಥಿಯೇಟರುಗಳಿಗೆಂದೇ ಹೊಸೆದ ಕಾರಿನ ಸಿನಿಮಾ, ಮಧ್ಯರಾತ್ರಿಯ ಆಟದಲ್ಲಿ ಜನ ಮತ್ತೆ ಮತ್ತೆ ನೋಡುವ ಹುಚ್ಚು ಹಾಸ್ಯ, ಎಲ್ಲೆಲ್ಲೂ ಮೇರಿ ಇದ್ದಾರೆ. ‘ಕಲ್ಟ್’ ಎಂದು ಕರೆಯುವ ಆ ಲೋಕ ಹೇಗೆ ನಡೆಯುತ್ತಿತ್ತು ಎಂದು ತಿಳಿಯಬೇಕಾದವರಿಗೆ ಈಕೆಯ ವೃತ್ತಿಜೀವನಕ್ಕಿಂತ ಒಳ್ಳೆಯ ನಕ್ಷೆ ಸಿಗುವುದು ಕಷ್ಟ.

ಹುಟ್ಟಿದ್ದು 1943ರ ಡಿಸೆಂಬರಿನಲ್ಲಿ ಫ್ಲಾರಿಡಾದ ಪಾಮ್ ಬೀಚಿನಲ್ಲಿ, ಬೆಳೆದದ್ದು ಬ್ರೂಕ್ಲಿನ್‌ನಲ್ಲಿ. ವಾರ್ಹಾಲ್ ಬಳಗಕ್ಕೆ ಕರೆತಂದದ್ದು ಅವರ ಸಹಾಯಕರಾಗಿದ್ದ ಕವಿ ಜೆರಾರ್ಡ್ ಮಲಾಂಗಾ. ಗೋಡೆಗೆಲ್ಲ ಬೆಳ್ಳಿ ಹಾಳೆ ಅಂಟಿಸಿದ್ದ, ‘ಫ್ಯಾಕ್ಟರಿ’ ಎಂದೇ ಹೆಸರಾದ ಆ ಸ್ಟುಡಿಯೊದಲ್ಲಿ ಸಂಬಳದ ಮಾತು ಏಳುತ್ತಿದ್ದದ್ದೇ ಅಪರೂಪ; ಖ್ಯಾತಿಯೇ ಕೂಲಿ. 1966ರ ಏಪ್ರಿಲ್‌ನಲ್ಲಿ ಸೇಂಟ್ ಮಾರ್ಕ್ಸ್ ಪ್ಲೇಸಿನ ‘ಡಾಮ್’ ಎಂಬ ಸಭಾಂಗಣದಲ್ಲಿ ವೆಲ್ವೆಟ್ ಅಂಡರ್‌ಗ್ರೌಂಡ್ ಬ್ಯಾಂಡ್ ಹಾಡುತ್ತಿದ್ದರೆ, ಹಿಂದಿನ ಗೋಡೆಯ ಮೇಲೆ ವಾರ್ಹಾಲ್‌ರ ಸಿನಿಮಾಗಳು ಓಡುತ್ತಿದ್ದರೆ, ಮುಂದೆ ಮಲಾಂಗಾ ಮತ್ತು ಮೇರಿ ಚಾವಟಿ ಹಿಡಿದು ಕುಣಿಯುತ್ತಿದ್ದರು. ‘ಎಕ್ಸ್‌ಪ್ಲೋಡಿಂಗ್ ಪ್ಲಾಸ್ಟಿಕ್ ಇನೆವಿಟಬಲ್’ ಎಂದು ಆ ಮೇಳದ ಹೆಸರು. ಕಾರ್ನೆಲ್‌ನ ಪಾಠ ಅಲ್ಲಿಗೆ ಮುಗಿದಂತಾಯಿತು.

ಅದೇ ವರ್ಷದ ಬೇಸಿಗೆಯಲ್ಲಿ ವಾರ್ಹಾಲ್ ಮತ್ತು ಪಾಲ್ ಮಾರಿಸ್ಸಿ ‘ಚೆಲ್ಸಿ ಗರ್ಲ್ಸ್’ ತೆಗೆದರು. ಇದನ್ನು ಸಿನಿಮಾ ಅನ್ನುವುದಕ್ಕಿಂತ ಒಂದು ಕರಾರು ಅನ್ನಬಹುದು. ಮೂವತ್ಮೂರು ನಿಮಿಷದಷ್ಟು ಉದ್ದದ ಹನ್ನೆರಡು ರೀಲುಗಳು. ಒಂದೊಂದು ರೀಲೂ ಕತ್ತರಿಯಿಲ್ಲದ ಒಂದೇ ದೃಶ್ಯ. ತೋರಿಸುವಾಗ ಎರಡು ಪ್ರೊಜೆಕ್ಟರ್ ಹಚ್ಚಿ ಅಕ್ಕಪಕ್ಕದಲ್ಲಿ ಎರಡೆರಡು ರೀಲು ಓಡಿಸಬೇಕು. ಸದ್ದು ಮಾತ್ರ ಒಮ್ಮೆಗೆ ಒಂದರದೇ. ಹೀಗಾಗಿ ಆರೂವರೆ ಗಂಟೆಯ ಸಾಮಗ್ರಿ ಮೂರೂವರೆ ಗಂಟೆಗೆ ಇಳಿಯಿತು. ಹೆಚ್ಚಿನ ರೀಲುಗಳಲ್ಲಿ ಕಥೆಯೆಂಬುದಿಲ್ಲ. ಚೆಲ್ಸಿ ಹೋಟೆಲಿನ ಕೋಣೆಗಳಲ್ಲಿ ಜನ ಹರಟುತ್ತಾರೆ, ಜಗಳವಾಡುತ್ತಾರೆ, ಸೂಜಿ ಚುಚ್ಚಿಕೊಳ್ಳುತ್ತಾರೆ. ಕೆಲವು ರೀಲುಗಳಿಗೆ ಮಾತ್ರ ರೊನಾಲ್ಡ್ ಟವೆಲ್ ಎಂಬ ನಾಟಕಕಾರರ ಬರಹವಿತ್ತು. ಅವುಗಳಲ್ಲಿ ಮೇರಿಯದು ಹನೋಯ್ ಹ್ಯಾನಾ. ವಿಯೆಟ್ನಾಂ ಯುದ್ಧದಲ್ಲಿ ಅಮೆರಿಕದ ಸೈನಿಕರ ಮನೋಬಲ ಕುಗ್ಗಿಸಲು ಹನೋಯ್ ರೇಡಿಯೊದಿಂದ ಇಂಗ್ಲಿಷಿನಲ್ಲಿ ಮಾತಾಡುತ್ತಿದ್ದ ಪ್ರಸಾರಕಿಗೆ ಸೈನಿಕರೇ ಇಟ್ಟ ಅಡ್ಡಹೆಸರು ಅದು.

ಆ ರೀಲನ್ನು ನೋಡಿ. ಇಕ್ಕಟ್ಟಾದ ಕೋಣೆಯಲ್ಲಿ ನಾಲ್ಕು ಹೆಂಗಸರು, ಅವರಲ್ಲಿ ಒಬ್ಬಾಕೆ ಮೇಜಿನ ಕೆಳಗೆ. ಮೇರಿ ಅವರನ್ನು ಬಯ್ಯುತ್ತಾರೆ, ಆಜ್ಞೆ ಮಾಡುತ್ತಾರೆ, ಅಳಿಸುತ್ತಾರೆ. ಕ್ಯಾಮೆರಾ ತನಗೆ ತೋಚಿದಂತೆ ಮುಖದ ಹತ್ತಿರಕ್ಕೆ ಧುಮುಕುತ್ತದೆ, ಏನೂ ಕಾರಣವಿಲ್ಲದೆ ಹಿಂದೆ ಸರಿಯುತ್ತದೆ. ಉಳಿದವರು ಕೆಲವೊಮ್ಮೆ ತಾವು ಸಿನಿಮಾದಲ್ಲಿದ್ದೇವೆಂದು ನೆನಪಾದವರಂತೆ ತಡವರಿಸುತ್ತಾರೆ. ಮೇರಿ ತಡವರಿಸುವುದಿಲ್ಲ. ಇದು ನಟನೆಯೋ, ನಿಜದ ಕ್ರೌರ್ಯವೋ ಎಂದು ಹೇಳಲಾಗದ ಗೆರೆಯ ಮೇಲೆ ಅರ್ಧ ಗಂಟೆ ನಡೆಯುತ್ತಾರೆ. ಫ್ಯಾಕ್ಟರಿಯ ಬೇರೆ ಅನೇಕ ‘ಸೂಪರ್‌ಸ್ಟಾರ್’ಗಳು ಕ್ಯಾಮೆರಾ ಮುಂದೆ ತಾವಾಗಿಯೇ ಇದ್ದು ಹೆಸರು ಮಾಡಿದರು. ಮೇರಿ ಅಲ್ಲಿಯೇ ಪಾತ್ರ ಕಟ್ಟುತ್ತಿದ್ದ ಅಪರೂಪದವರು ಎಂಬುದು ನನ್ನ ಅನಿಸಿಕೆ. ಫ್ಯಾಕ್ಟರಿ ಕಳೆದ ಮೇಲೂ ಕೆಲಸ ಕೈಹಿಡಿಯಲು ಅದೇ ಕಾರಣವಿರಬೇಕು.

1968ರ ಜೂನ್‌ನಲ್ಲಿ ಬರಹಗಾರ್ತಿ ವ್ಯಾಲರಿ ಸೊಲಾನಸ್ ವಾರ್ಹಾಲ್ ಮೇಲೆ ಗುಂಡು ಹಾರಿಸುವ ಹೊತ್ತಿಗೆ ಮೇರಿ ಆ ಬಳಗದಿಂದ ದೂರ ಸರಿದಾಗಿತ್ತು. ‘ಥಿಯೇಟರ್ ಆಫ್ ದಿ ರಿಡಿಕ್ಯುಲಸ್’ ಎಂಬ ಹೆಸರಿನಲ್ಲಿ ಜಾನ್ ವ್ಯಾಕಾರೊ ಮೊದಲಾದವರು ನಡೆಸುತ್ತಿದ್ದ, ಸಭ್ಯತೆಯ ಸೊಂಟ ಮುರಿಯುವ ನಾಟಕಗಳಲ್ಲಿ ಪಳಗಿದರು. 1973ರಲ್ಲಿ ಲಿಂಕನ್ ಸೆಂಟರಿನಲ್ಲಿ ಡೇವಿಡ್ ರೇಬ್ ಬರೆದ ‘ಬೂಮ್ ಬೂಮ್ ರೂಮ್’ ನಾಟಕದಲ್ಲಿ ನಟಿಸಿ ಥಿಯೇಟರ್ ವರ್ಲ್ಡ್ ಪ್ರಶಸ್ತಿಯನ್ನೂ ಪಡೆದರು. ಗೌರವಸ್ಥರ ರಂಗಭೂಮಿಯ ಬಾಗಿಲು ತೆರೆದದ್ದೇ ಆಗ. ಆದರೆ ಹೋದದ್ದು ಬೇರೆ ಕಡೆ.

ಆ ಹೊತ್ತಿಗಾಗಲೇ ಪತಿ ಥಿಯೊಡರ್ ಗರ್ಶುನಿ ನಿರ್ದೇಶನದಲ್ಲಿ ಕೆಲವು ಕಡಿಮೆ ಖರ್ಚಿನ ಸಿನಿಮಾಗಳಾಗಿದ್ದವು. ಅವುಗಳಲ್ಲಿ ‘ಸೈಲೆಂಟ್ ನೈಟ್, ಬ್ಲಡಿ ನೈಟ್’ (1972) ಉಳಿದುಕೊಂಡಿದೆ. ಕ್ರಿಸ್‌ಮಸ್ ಹೊತ್ತಿನ ಪುಟ್ಟ ಊರು, ಪಾಳುಬಿದ್ದ ಬಂಗಲೆ, ಫೋನಿನಲ್ಲಿ ಪಿಸುಗುಟ್ಟುವ ದನಿ, ಕೊಡಲಿ. ಇಂಥ ಹಾರರ್‌ಗಳಲ್ಲಿ ಹೆಸರಾದ ‘ಬ್ಲ್ಯಾಕ್ ಕ್ರಿಸ್‌ಮಸ್’ಗಿಂತ ಎರಡು ವರ್ಷ, ‘ಹ್ಯಾಲೊವೀನ್’ಗಿಂತ ಆರು ವರ್ಷ ಮೊದಲೇ ಬಂದ ಚಿತ್ರ. ನನಗೆ ಇದರಲ್ಲಿ ಹಿಡಿಸುವುದು ಕೊಲೆಗಳಲ್ಲ, ನಡುವೆ ಬರುವ ಹಿನ್ನೋಟ. ಮಾಸಿದ ಕಂದುಬಣ್ಣದಲ್ಲಿ ಹುಚ್ಚಾಸ್ಪತ್ರೆಯ ರೋಗಿಗಳು ದಂಗೆಯೇಳುವ ದೃಶ್ಯ. ಅಲ್ಲಿ ಕಾಣುವ ಮುಖಗಳು ಆಂಡೀನ್, ಕ್ಯಾಂಡಿ ಡಾರ್ಲಿಂಗ್, ಟ್ಯಾಲಿ ಬ್ರೌನ್, ‘ಫ್ಲೇಮಿಂಗ್ ಕ್ರೀಚರ್ಸ್’ ತೆಗೆದು ಪೊಲೀಸರ ಕಣ್ಣಿಗೆ ಬಿದ್ದಿದ್ದ ಜ್ಯಾಕ್ ಸ್ಮಿತ್. ನ್ಯೂಯಾರ್ಕಿನ ಭೂಗತ ಕಲಾಲೋಕದ ಒಂದು ತುಂಡೇ ಅಗ್ಗದ ಹಾರರ್ ಸಿನಿಮಾದೊಳಗೆ ಬಂದು ಕೂತಿದೆ.

ಇದು ಆಕಸ್ಮಿಕವೇನಲ್ಲ. ವಿಮರ್ಶಕರು ಭೂಗತ ಸಿನಿಮಾ ಮತ್ತು ಅಗ್ಗದ ‘ಎಕ್ಸ್‌ಪ್ಲಾಯ್ಟೇಶನ್’ ಸಿನಿಮಾವನ್ನು ಬೇರೆ ಬೇರೆ ಕಪಾಟಿನಲ್ಲಿ ಇಡುತ್ತಾರೆ. ಒಂದು ಕಲೆ, ಮ್ಯೂಸಿಯಮ್ಮಿಗೆ. ಇನ್ನೊಂದು ಕಸ, ಡ್ರೈವ್-ಇನ್‌ಗೆ. ಆದರೆ ಕೆಲಸ ಮಾಡುವವರ ಕಡೆಯಿಂದ ನೋಡಿದರೆ ಎರಡರದ್ದೂ ಒಂದೇ ಲೆಕ್ಕ. ಫಿಲ್ಮು ದುಬಾರಿ, ಆದ್ದರಿಂದ ಟೇಕ್ ಒಂದೇ. ತಾಲೀಮಿಗೆ ಸಮಯವಿಲ್ಲ. ಬಟ್ಟೆ ನಟಿಯದೇ, ಕೆಲವೊಮ್ಮೆ ಮನೆಯೂ ಸ್ನೇಹಿತರದ್ದೇ. ಮುಖ್ಯವಾಗಿ, ಹಣ ಹಾಕಿದವನು ಕೇಳಿದ್ದೊಂದು ಸಿಕ್ಕರೆ ಉಳಿದದ್ದರಲ್ಲಿ ತಲೆಹಾಕುವುದಿಲ್ಲ. ತಪ್ಪಾದರೆ ಸರಿಪಡಿಸಲು ಎರಡನೇ ಟೇಕ್ ಇಲ್ಲದ ಕಡೆ, ಮೊದಲ ಟೇಕಿನಲ್ಲೇ ಅಲುಗಾಡದೆ ನಿಲ್ಲಬಲ್ಲ ನಟಿಗೆ ಬೆಲೆ. ವಾರ್ಹಾಲ್ ಬಳಿ ಕಲಿತದ್ದನ್ನು ಮೇರಿ ಹೆಜ್ಜೆ ಬದಲಿಸದೆ ಅಗ್ಗದ ಸಿನಿಮಾಗಳ ನಿರ್ಮಾಪಕ ರಾಜರ್ ಕೊರ್ಮನ್ ಅಂಗಳಕ್ಕೆ ಒಯ್ದದ್ದು ಹೀಗೆ.

ಕೊರ್ಮನ್ 1970ರಲ್ಲಿ ಕಟ್ಟಿದ ನ್ಯೂ ವರ್ಲ್ಡ್ ಪಿಕ್ಚರ್ಸ್ ಒಂದು ಸಂಸ್ಥೆಯೂ ಹೌದು, ಒಂದು ಶಾಲೆಯೂ ಹೌದು. ಹೊಸ ಹುಡುಗರಿಗೆ ಪುಡಿಗಾಸು ಕೊಟ್ಟು ಸಿನಿಮಾ ಮಾಡಲು ಬಿಡುವುದು. ಇಷ್ಟು ಹೊಡೆದಾಟ, ಇಷ್ಟು ಬೆತ್ತಲೆ ಎಂಬ ಅಳತೆ ತಪ್ಪಬಾರದು. ಆ ಅಳತೆಯೊಳಗೆ ಅವರೇನು ರಾಜಕೀಯ, ಏನು ತಮಾಷೆ ತುಂಬಿಕೊಂಡರೂ ಸರಿ. ಅಲ್ಲಿಗೆ ಮೇರಿಯನ್ನು ಕರೆದದ್ದು ಪಾಲ್ ಬಾರ್ಟೆಲ್. ‘ಡೆತ್ ರೇಸ್ 2000’ (1975) ಬಾರ್ಟೆಲ್ ನಿರ್ದೇಶನದ ಚಿತ್ರ. ಸರ್ವಾಧಿಕಾರಕ್ಕೆ ಜಾರಿದ ಅಮೆರಿಕ, ದೇಶದುದ್ದಕ್ಕೂ ಕಾರಿನ ಪಂದ್ಯ, ದಾರಿಯಲ್ಲಿ ಗುದ್ದಿ ಕೊಂದ ಪಾದಚಾರಿಗೊಂದಿಷ್ಟು ಅಂಕ. ಡೇವಿಡ್ ಕ್ಯಾರಡೀನ್ ನಾಯಕ. ‘ರಾಕಿ’ಗೆ ಒಂದು ವರ್ಷ ಮುಂಚಿನ ಸಿಲ್ವೆಸ್ಟರ್ ಸ್ಟಲೋನ್ ಖಳ. ಮೇರಿ, ಗೂಳಿಕೊಂಬಿನ ಕಾರೋಡಿಸುವ ಕೌಗರ್ಲ್ ಕೆಲಮಿಟಿ ಜೇನ್. ಒಂದೇ ತೊಡಕು, ಮೇರಿಗೆ ಕಾರು ಓಡಿಸಲು ಬರುತ್ತಿರಲಿಲ್ಲ. ಹತ್ತಿರದ ಶಾಟುಗಳಿಗೆ ಕಾರನ್ನು ಇನ್ನೊಂದು ವಾಹನಕ್ಕೆ ಕಟ್ಟಿ ಎಳೆದರು, ದೂರದ್ದಕ್ಕೆ ಸ್ಟಂಟ್ ಚಾಲಕರನ್ನು ಕೂರಿಸಿದರು. ತೆರೆಯ ಮೇಲೆ ನೋಡಿದರೆ ಹುಟ್ಟಿದಾಗಲೇ ಸ್ಟಿಯರಿಂಗ್ ಹಿಡಿದವಳಂತೆ ಕಾಣುತ್ತಾಳೆ ಜೇನ್.

ಮರುವರ್ಷದ ‘ಹಾಲಿವುಡ್ ಬೋಲೆವಾರ್ಡ್’ ಹುಟ್ಟಿದ್ದು ಒಂದು ಪಂಥದಿಂದ. ನ್ಯೂ ವರ್ಲ್ಡ್‌ನಲ್ಲಿ ಇದುವರೆಗೆ ಯಾರೂ ಮಾಡದಷ್ಟು ಅಗ್ಗಕ್ಕೆ ಸಿನಿಮಾ ಮಾಡಿಕೊಡುತ್ತೇನೆಂದು ನಿರ್ಮಾಪಕ ಜಾನ್ ಡೇವಿಸನ್ ಕೊರ್ಮನ್‌ಗೆ ಮಾತು ಕೊಟ್ಟರು. ಹತ್ತು ದಿನ, ಸುಮಾರು 60 ಸಾವಿರ ಡಾಲರ್. ನಿರ್ದೇಶಕರು ಅದೇ ಸಂಸ್ಥೆಯಲ್ಲಿ ಟ್ರೇಲರ್ ಕತ್ತರಿಸುತ್ತಿದ್ದ ಜೋ ಡಾಂಟೆ ಮತ್ತು ಅಲನ್ ಆರ್ಕುಶ್. ಟ್ರೇಲರ್ ಕತ್ತರಿಸುವವರಿಗೆ ಯಾವ ಸಿನಿಮಾದಲ್ಲಿ ಯಾವ ಸ್ಫೋಟವಿದೆ ಎಂಬುದು ಬಾಯಿಪಾಠ. ಹಾಗಾಗಿ ಹಳೆಯ ಚಿತ್ರಗಳಿಂದ ಸ್ಫೋಟ, ಹಾರುವ ಕಾರು, ಫಿಲಿಪೀನ್ಸ್ ಕಾಡಿನ ಕಾಳಗ ಎಲ್ಲವನ್ನೂ ಎತ್ತಿ, ಅವುಗಳ ಸುತ್ತ ಒಂದು ಕಥೆ ಹೆಣೆದರು. ಕಥೆಯೂ ಅದೇ, ಅಗ್ಗದ ಸಿನಿಮಾ ತೆಗೆಯುವ ಒಂದು ಅಗ್ಗದ ಕಂಪನಿ. ಮೇರಿಯ ಪಾತ್ರ ಅಲ್ಲಿನ ಹಿರಿಯ ನಾಯಕಿಯದು. ಹೊಸ ಹುಡುಗಿಯರು ಬಂದರೆ ಆಕೆಗೆ ಸಹಿಸದು. ತನ್ನದೇ ವೃತ್ತಿಯನ್ನು ಹೀಗೆ ಅಣಕಿಸಿಕೊಳ್ಳುವ ಧೈರ್ಯ ಹೆಚ್ಚು ಸಂಬಳದ ನಟಿಯರಲ್ಲಿ ಕಾಣುವುದು ಕಡಿಮೆ.

ಈ ಲೋಕವನ್ನು ಹೊಗಳುತ್ತ ಹೋದರೆ ಸುಳ್ಳಾಗುತ್ತದೆ. ಎಕ್ಸ್‌ಪ್ಲಾಯ್ಟೇಶನ್ ಸಿನಿಮಾ ಹೆಣ್ಣಿಗೆ ಕೊಡುತ್ತಿದ್ದ ಜಾಗ ಮುಖ್ಯವಾಗಿ ಎರಡು: ಬಟ್ಟೆ ಕಳಚುವವಳು, ಇಲ್ಲವೇ ಕಿರುಚುತ್ತ ಸಾಯುವವಳು. ಮೇರಿಯೂ ಅದರಿಂದ ಪೂರ್ತಿ ತಪ್ಪಿಸಿಕೊಂಡರೆಂದಲ್ಲ. ಆದರೆ ಪಾತ್ರಗಳ ಸಾಲು ನೋಡಿ: ಹ್ಯಾನಾ, ಕೆಲಮಿಟಿ ಜೇನ್, ‘ಚಾರ್ಲೀಸ್ ಏಂಜಲ್ಸ್’ ಧಾರಾವಾಹಿಯ ಜೈಲು ಕಂತಿನಲ್ಲಿ (1976) ಕಾವಲುಗಾತಿ, ‘ಹೆಲ್‌ಹೋಲ್’ನಲ್ಲಿ (1985) ರೋಗಿಗಳ ಮೇಲೆ ಪ್ರಯೋಗ ನಡೆಸುವ ಡಾಕ್ಟರು. ಜೈಲಿದ್ದರೆ ಬೀಗದ ಕೈ ಇವರ ಸೊಂಟದಲ್ಲಿ. ಎತ್ತರ, ಚೂಪು ಕೆನ್ನೆಮೂಳೆ, ಯಾರನ್ನೂ ಮೆಚ್ಚಿಸಲು ಬಂದಿಲ್ಲವೆಂಬ ದನಿ, ಇವುಗಳಿಂದ ಮೇರಿ ಆ ಅಗ್ಗದ ಲೋಕದಲ್ಲಿ ಹೆಣ್ಣಿಗೆ ಮೂರನೆಯದೊಂದು ಜಾಗ ಮಾಡಿಕೊಂಡರು. ‘ಹೆಲ್‌ಹೋಲ್’ ಕೆಟ್ಟ ಸಿನಿಮಾ, ಅದರಲ್ಲಿ ಅನುಮಾನವಿಲ್ಲ. ಅದರಲ್ಲೂ ಮೇರಿ ಬಂದಾಗ ಬೆನ್ನು ನೆಟ್ಟಗಾಗುತ್ತದೆ.

ಆ ಸಾಲಿನ ಕಲಶ ಮಿಸ್ ಟೋಗರ್. ‘ರಾಕ್ ಎನ್ ರೋಲ್ ಹೈಸ್ಕೂಲ್’ಗೆ (1979) ಕೊರ್ಮನ್ ಮೊದಲು ಬಯಸಿದ್ದು ಡಿಸ್ಕೊ ಸಂಗೀತ, ಆಗ ಅದೇ ಚಾಲ್ತಿಯಲ್ಲಿತ್ತಲ್ಲ. ಡಿಸ್ಕೊ ಹಾಕಿಕೊಂಡು ಶಾಲೆಯನ್ನು ಉಡಾಯಿಸಲಾದೀತೇ ಎಂದು ಆರ್ಕುಶ್ ವಾದಿಸಿ ರಮೋನ್ಸ್ ಎಂಬ ಪಂಕ್ ಬ್ಯಾಂಡನ್ನು ತಂದರು. ಕೊನೆಯಲ್ಲಿ ಶಾಲೆ ನಿಜಕ್ಕೂ ಸಿಡಿಯುತ್ತದೆ. ಟೋಗರ್ ಆ ಶಾಲೆಯ ಹೊಸ ಮುಖ್ಯೋಪಾಧ್ಯಾಯಿನಿ. ರಾಕ್ ಸಂಗೀತ ಕೇಳಿಸಿದರೆ ಇಲಿಗಳಿಗೆ ಏನಾಗುತ್ತದೆ ಎಂದು ಪ್ರಯೋಗ ಮಾಡಿ ತೋರಿಸುವಾಕೆ. ಇಲಿ ಢಮಾರ್ ಎನ್ನುತ್ತದೆ. ಚರ್ಮದ ಜಾಕೆಟ್ಟು, ಕಣ್ಣು ಮುಚ್ಚುವ ಕೂದಲಿನ ನಾಲ್ಕು ಜನ ಎದುರಾದಾಗ ಆಕೆ ಕೇಳುವುದು, ನೀವು ರಮೋನ್ಸ್ ಅನ್ನುವುದು ನಿಮ್ಮ ಅಪ್ಪ ಅಮ್ಮನಿಗೆ ಗೊತ್ತೇ ಎಂದು. ಇದು ನಗು ಹುಟ್ಟಿಸುವುದು ಮೇರಿ ಅದನ್ನು ತಮಾಷೆಯೆಂದು ಹೇಳದಿರುವುದರಿಂದ. ನಿಜವಾದ ಕಳಕಳಿ, ಅಪ್ಪಟ ಕೋಪ. ಪ್ರೇಕ್ಷಕನತ್ತ ಒಂದು ಓರೆನೋಟ ಬೀರಿದ್ದರೂ ಟೋಗರ್ ವ್ಯಂಗ್ಯಚಿತ್ರವಾಗಿಬಿಡುತ್ತಿದ್ದಳು. ಶಿಸ್ತನ್ನು ಪ್ರಾಣದಂತೆ ನಂಬಿದವಳು ಎಂದು ನಟಿಸಿದ್ದರಿಂದಲೇ ಅವಳ ಸೋಲಿನಲ್ಲಿ ಸಣ್ಣ ಮರುಕವೂ ಹುಟ್ಟುತ್ತದೆ.

ಮೇರಿಯ ವೃತ್ತಿಯ ನಿಜವಾದ ಜೋಡಿ ಬಾರ್ಟೆಲ್. ಬೋಳುತಲೆ, ದುಂಡು ಮೈ, ನಾಜೂಕಿನ ಮಾತು, ಪಕ್ಕದಲ್ಲಿ ಮೇರಿ. ಇಬ್ಬರೂ ಒಟ್ಟಿಗೆ ಕಾಣಿಸಿಕೊಂಡದ್ದು ಹದಿನೇಳು ಸಿನಿಮಾಗಳಲ್ಲಿ ಎನ್ನುತ್ತಾರೆ. ಬಾರ್ಟೆಲ್ ಸಲಿಂಗಿ, ಅದನ್ನು ಬಚ್ಚಿಟ್ಟವರೂ ಅಲ್ಲ. ತೆರೆಯ ಮೇಲೆ ಮಾತ್ರ ಇವರಷ್ಟು ಒಗ್ಗಿದ ಗಂಡ-ಹೆಂಡತಿ ಅಪರೂಪ. ‘ಈಟಿಂಗ್ ರಾವುಲ್’ (1982) ಆ ದಾಂಪತ್ಯದ ಚಿತ್ರ. ಬಾರ್ಟೆಲ್ ಮತ್ತು ರಿಚರ್ಡ್ ಬ್ಲ್ಯಾಕ್‌ಬರ್ನ್ ಬರೆದ ಈ ಕಥೆಗೆ ಹಣ ಹಾಕಲು ಕೊರ್ಮನ್ ಒಪ್ಪಲಿಲ್ಲ. ಬಾರ್ಟೆಲ್‌ರ ಅಪ್ಪ ಅಮ್ಮ ನ್ಯೂಜೆರ್ಸಿಯ ತಮ್ಮ ಮನೆ ಮಾರಿದ ದುಡ್ಡು ಕೊಟ್ಟರು. ಫಿಲ್ಮು ಕೊಳ್ಳುವಷ್ಟು ಹಣ ಕೂಡಿದಾಗ ಒಂದಷ್ಟು ದಿನ ಚಿತ್ರೀಕರಣ, ಮತ್ತೆ ಕಾಯುವುದು. ಬೇರೆಯವರ ಸಿನಿಮಾಗಳಲ್ಲಿ ಉಳಿದ ತುಂಡು ಫಿಲ್ಮನ್ನೂ ಬಳಸಿದರು. ಹೀಗೆ ಕುಂಟುತ್ತ ಸಾಗಿದ ಚಿತ್ರದಲ್ಲಿ ನಟರ ಮುಖ, ಕೂದಲು, ಲಯ ಒಂದೇ ಸಮನಿರುವುದೇ ಆಶ್ಚರ್ಯ.

ಪಾಲ್ ಮತ್ತು ಮೇರಿ ಬ್ಲ್ಯಾಂಡ್ ಲಾಸ್ ಏಂಜಲೀಸಿನ ಮಧ್ಯಮವರ್ಗದ ದಂಪತಿ. ಆತ ವೈನ್ ಅಂಗಡಿಯಲ್ಲಿ ಕೆಲಸ ಕಳೆದುಕೊಂಡವನು, ಆಕೆ ಆಸ್ಪತ್ರೆಯ ಉದ್ಯೋಗಿ. ಮಲಗುವುದು ಬೇರೆ ಬೇರೆ ಮಂಚದಲ್ಲಿ. ಕನಸು ಒಂದೇ, ಹಳ್ಳಿಯ ಕಡೆ ಒಂದು ಸಣ್ಣ ಹೋಟೆಲು. ಇವರ ಅಪಾರ್ಟ್‌ಮೆಂಟಿನ ತುಂಬ ಲೈಂಗಿಕ ಪಾರ್ಟಿಗಳು. ಅಲ್ಲಿಂದ ದಾರಿ ತಪ್ಪಿ ಒಳನುಗ್ಗಿ ಮೇರಿಯ ಮೈಮೇಲೆ ಬಿದ್ದವನೊಬ್ಬನನ್ನು ಪಾಲ್ ಬಾಣಲೆಯಲ್ಲಿ ಬಡಿಯುತ್ತಾನೆ. ಸತ್ತವನ ಜೇಬಿನಲ್ಲಿ ಹಣ. ಅಲ್ಲಿಂದ ಲೆಕ್ಕಾಚಾರ ಶುರು. ಪತ್ರಿಕೆಯಲ್ಲಿ ಜಾಹೀರಾತು, ಬಂದ ಗಿರಾಕಿಯ ಬಯಕೆಗೆ ತಕ್ಕ ವೇಷ ಮೇರಿಯದು, ಬಾಣಲೆ ಪಾಲ್‌ನದು. ಹೆಣಗಳನ್ನು ನಾಯಿ ಆಹಾರದ ಕಂಪನಿಗೆ ಸಾಗಿಸುವವನು ಬೀಗ ರಿಪೇರಿಯ ರಾವುಲ್. ಕೊನೆಗೆ ಅವನೇ ಊಟದ ತಟ್ಟೆಗೆ ಬರುತ್ತಾನೆ.

ಇಡೀ ಸಿನಿಮಾದಲ್ಲಿ ನನಗೆ ಮರೆಯಲಾಗದ್ದು ಒಂದು ಚಿಕ್ಕ ಮಾತು. ಪಾಲ್ ಅಂಗಡಿಗೆ ಹೊರಟಾಗ ಮೇರಿ, ಇನ್ನೊಂದು ಬಾಣಲೆ ತನ್ನಿ ಅನ್ನುತ್ತಾಳೆ. ಜನರನ್ನು ಕೊಲ್ಲುವ ಬಾಣಲೆಯಲ್ಲಿ ಅಡುಗೆ ಮಾಡಲು ಅವಳಿಗೆ ಒಂಥರಾ ಮುಜುಗರ. ಮಡಿ-ಮೈಲಿಗೆಯ ಮನೆಗಳಲ್ಲಿ ಬೆಳೆದ ನಮಗೆ ಈ ಜೋಕು ಅಮೆರಿಕನ್ನರಿಗಿಂತ ಒಂದು ಕೈ ಹೆಚ್ಚೇ ತಾಕೀತು. ಮೇರಿ ಅದನ್ನು ಹೇಳುವ ಬಗೆ ಗಮನಿಸಿ. ಸೊಪ್ಪು ಮುಗಿದಿದೆ ಅನ್ನುವಷ್ಟೇ ಸಹಜ. ದನಿ ಏರುವುದಿಲ್ಲ, ಹುಬ್ಬು ಹಾರುವುದಿಲ್ಲ. ಆಗ ರೇಗನ್ ಅಮೆರಿಕದ ಅಧ್ಯಕ್ಷರಾದ ಹೊಸತು. ದುಡಿಮೆ, ಉಳಿತಾಯ, ಸ್ವಂತ ವ್ಯಾಪಾರ ಎಂಬ ಸಭ್ಯ ಮಂತ್ರಗಳ ಅಡಿಯಲ್ಲಿ ಏನೆಲ್ಲ ಹೂತುಹಾಕಬಹುದು ಎಂಬುದನ್ನು ಈ ಸಿನಿಮಾ ಭಾಷಣ ಬಿಗಿಯದೆ ತೋರಿಸಿಬಿಟ್ಟಿತು. ಜನರಿಗೂ ಹಿಡಿಸಿತು, ವಿಮರ್ಶಕರಿಗೂ.

ಇಷ್ಟಾದ ಮೇಲೆ ದೊಡ್ಡ ಅವಕಾಶಗಳು ಬರಬೇಕಿತ್ತು. ಬಂದದ್ದು ಅದೇ ಅಳತೆಯ ಪಾತ್ರಗಳು: ‘ನೈಟ್ ಆಫ್ ದಿ ಕಾಮೆಟ್’ (1984), ‘ಟೆರರ್‌ವಿಷನ್’ (1986), ‘ವಾರ್ಲಾಕ್’. ‘ಚಾಪಿಂಗ್ ಮಾಲ್’ (1986) ಶುರುವಾಗುತ್ತಲೇ ಪ್ರೇಕ್ಷಕರ ಸಾಲಿನಲ್ಲಿ ಬಾರ್ಟೆಲ್ ಜೊತೆ ಕುಳಿತು ಬ್ಲ್ಯಾಂಡ್ ದಂಪತಿಗಳಾಗಿಯೇ ಕೊಂಕು ನುಡಿಯುತ್ತಾರೆ. ಒಂದು ಸಿನಿಮಾದ ಪಾತ್ರಗಳು ಸುಮ್ಮನೆ ಇನ್ನೊಂದಕ್ಕೆ ಹಾಯುವುದು, ಅದನ್ನು ಗುರುತಿಸಿದ ಪ್ರೇಕ್ಷಕ ತಾನೂ ಈ ಮನೆಯವನೇ ಎಂದು ಹಿಗ್ಗುವುದು. ಕಲ್ಟ್ ಎಂಬುದರ ಒಳಗುಟ್ಟು ಬಹುಪಾಲು ಇಷ್ಟೇ. ಮನೆಮನೆಗೆ ವಿಡಿಯೊ ಕ್ಯಾಸೆಟ್ ಬಂದದ್ದು ಅದಕ್ಕೆ ಗೊಬ್ಬರವಾಯಿತು. ಮಧ್ಯರಾತ್ರಿಯ ಆಟಕ್ಕೆ ಹೋಗಲಾಗದ ಊರಿನ ಹುಡುಗರೂ ಬಾಡಿಗೆ ಕ್ಯಾಸೆಟ್ಟಿನಲ್ಲಿ ಟೋಗರ್‌ಳನ್ನು ಕಂಡರು. ಹಾಗೆ ನೋಡಿ ಬೆಳೆದವರು ಮುಂದೆ ನಿರ್ದೇಶಕರಾದಾಗ ಮೇರಿಯನ್ನು ಹುಡುಕಿಕೊಂಡು ಬಂದರು: ‘ದಿ ಲಿವಿಂಗ್ ಎಂಡ್’ಗೆ (1992) ಗ್ರೆಗ್ ಅರಾಕಿ, ‘ದಿ ಡೆವಿಲ್ಸ್ ರಿಜೆಕ್ಟ್ಸ್’ಗೆ (2005) ರಾಬ್ ಜೋಂಬಿ, ‘ದಿ ಹೌಸ್ ಆಫ್ ದಿ ಡೆವಿಲ್’ಗೆ (2009) ಟೈ ವೆಸ್ಟ್. ಕೊನೆಯದರಲ್ಲಿ ಮೇರಿ ತುಪ್ಪಳದ ಕೋಟು ಧರಿಸಿ ಬಾಗಿಲಲ್ಲಿ ಕಾಣಿಸಿಕೊಂಡರೆ ಸಾಕು, ಆ ಮನೆಯಲ್ಲಿ ಏನೋ ಸರಿಯಿಲ್ಲವೆಂದು ಗೊತ್ತಾಗುತ್ತದೆ.

ಕಲ್ಟ್ ಖ್ಯಾತಿಗೆ ಒಂದು ಶಾಪವಿದೆ: ಪ್ರೀತಿ ಬೇಕಾದಷ್ಟು, ಹಣ ಇಲ್ಲವೇ ಇಲ್ಲ. ಬ್ಲ್ಯಾಂಡ್ ದಂಪತಿಯ ಮುಂದಿನ ಕಥೆ ‘ಬ್ಲ್ಯಾಂಡ್ ಆ್ಯಂಬಿಷನ್’ ಬರೆದಾಗಿತ್ತು. ಹಣದ ಬೆಂಬಲ ಕುಸಿದು ಚಿತ್ರೀಕರಣದ ಹೊಸ್ತಿಲಲ್ಲೇ ನಿಂತುಹೋಯಿತು. 2000ದ ಮೇ ತಿಂಗಳಲ್ಲಿ ಬಾರ್ಟೆಲ್ ತೀರಿಕೊಂಡರು. ಮೇರಿ ಆ ಹೊತ್ತಿಗೆ ತನ್ನ ಮೊದಲ ಕಸುಬಿಗೆ, ಚಿತ್ರಕಲೆಗೆ, ಮತ್ತು ಬರವಣಿಗೆಗೆ ಹೊರಳಿದ್ದರು. 1995ರಲ್ಲಿ ಬಂದ ‘ಸ್ವಿಮ್ಮಿಂಗ್ ಅಂಡರ್‌ಗ್ರೌಂಡ್’ ಫ್ಯಾಕ್ಟರಿ ದಿನಗಳ ನೆನಪು. ವಾರ್ಹಾಲ್ ಬಳಗದವರು ಬರೆದ ಪುಸ್ತಕಗಳು ಒಂದು ಅಟ್ಟ ತುಂಬುವಷ್ಟಿವೆ. ಇದು ಬೇರೆಯಾಗುವುದು ಬೆಳ್ಳಿ ಹಾಳೆಯ ಥಳಕನ್ನು ಪಕ್ಕಕ್ಕಿಟ್ಟು, ಆ್ಯಂಫೆಟಮಿನ್ ಅಮಲಿನ ಒಣ ಭಯವನ್ನು, ತಾನೇ ಅದರಲ್ಲಿ ಮುಳುಗಿದ್ದನ್ನು, ಸ್ವಮರುಕವಿಲ್ಲದೆ ಬರೆದದ್ದಕ್ಕೆ. ‘ಸ್ನೇಕ್’, ‘ನಯಾಗರಾ’ ಎಂಬ ಕಾದಂಬರಿಗಳೂ ಬಂದವು.

ನೋಡಬೇಕೆನ್ನುವವರಿಗೆ ಒಂದು ವಿಚಿತ್ರ ಎದುರಾಗುತ್ತದೆ. ವಾರ್ಹಾಲ್ 1970ರ ದಶಕದಲ್ಲಿ ತಮ್ಮ ಸಿನಿಮಾಗಳನ್ನು ಪ್ರದರ್ಶನದಿಂದ ಹಿಂತೆಗೆದುಕೊಂಡಿದ್ದರು. ಅವನ್ನು ಸಂರಕ್ಷಿಸಿ ಮತ್ತೆ ಹೊರತಂದದ್ದು ನ್ಯೂಯಾರ್ಕಿನ ಮಾಡರ್ನ್ ಆರ್ಟ್ ಮ್ಯೂಸಿಯಮ್ ಮತ್ತು ವಿಟ್ನಿ ಮ್ಯೂಸಿಯಮ್. ಹೀಗಾಗಿ ‘ಚೆಲ್ಸಿ ಗರ್ಲ್ಸ್’ ಅನ್ನು ನೋಡಬೇಕಾದ ಹಾಗೆ, ಎರಡು ಪ್ರೊಜೆಕ್ಟರಿನಲ್ಲಿ ನೋಡಲು ಯಾವುದಾದರೂ ಮ್ಯೂಸಿಯಮ್ಮೋ ಚಿತ್ರೋತ್ಸವವೋ ಮನಸ್ಸು ಮಾಡಬೇಕು. ‘ಸೈಲೆಂಟ್ ನೈಟ್, ಬ್ಲಡಿ ನೈಟ್’ ಕಥೆ ಉಲ್ಟಾ. ಅದರ ಹಕ್ಕುಸ್ವಾಮ್ಯ ಯಾರ ಕೈಯಲ್ಲೂ ಉಳಿಯದೆ ಸಾರ್ವಜನಿಕ ಸೊತ್ತಾಗಿದೆ. ಗೀರುಬಿದ್ದ ಪ್ರತಿಗಳು ಅಂತರ್ಜಾಲದಲ್ಲಿ ಪುಕ್ಕಟೆ. ‘ಈಟಿಂಗ್ ರಾವುಲ್’ ಅನ್ನು ಕ್ರೈಟೀರಿಯನ್ ಸಂಸ್ಥೆ 2012ರಲ್ಲಿ ಶುದ್ಧಗೊಳಿಸಿ ಹೊರತಂದಿತು. ಶುರು ಮಾಡುವುದಾದರೆ ಅದರಿಂದಲೇ ಮಾಡಿ, ಊಟ ಮುಗಿಸಿಕೊಂಡು.